ಮಾವಿನ ಮರದ ಸೊಂಟಪಟ್ಟಿ

ಏನೂ ಗೊತ್ತಿಲ್ಲದವರು ಮರದ ಕೆಳಗೆ ಕೂತು ಗಾಳಿ ತೆಗೆದುಕೊಳ್ಳುತ್ತಾರೆ. ಪೂರ್ತಿ ಗೊತ್ತಿರುವವರು ಮರದ ಮುಂದೆ ನಿಂತು ಯೋಚನೆ ಮಾಡುತ್ತಾರೆ. ಅರ್ಧ ಗೊತ್ತಿರುವವರು ಮಾತ್ರ ಒಳಗೆ ಹೋಗಿ ಚಾಕು ಹುಡುಕುತ್ತಾರೆ. ನನ್ನ ಗಂಡನಿಗೆ ಸಸ್ಯಶಾಸ್ತ್ರ ಅರ್ಧ ಗೊತ್ತು.

ಆ ಅರ್ಧವೂ ಈಚೆಗೆ ಬಂದದ್ದು. ತೋಟಗಾರಿಕೆ ಇಲಾಖೆಯಲ್ಲಿ ಟಪಾಲು ಗುಮಾಸ್ತರಾಗಿ ಅವರ ನೌಕರಿಯೆಲ್ಲ ಕಳೆದಿದೆ. ಬಂದ ಕಾಗದಕ್ಕೆ ಮೊಹರು ಒತ್ತಬೇಕು, ಹೋಗುವ ಲಕೋಟೆಗೆ ಅಂಟು ಹಚ್ಚಬೇಕು, ಅಷ್ಟೇ. ಆ ಅಂಟು ಯಾವ ಮರದ್ದು ಎಂದು ಕೇಳಿದರೂ ಅವರಿಗೆ ತಿಳಿಯದು. ಆದರೆ ನೆಂಟರಿಗೆ ಇದನ್ನೆಲ್ಲ ಬಿಡಿಸಿ ಹೇಳುವವರು ಯಾರು? ಇಲಾಖೆಯ ಹೆಸರು ಕಿವಿಗೆ ಬಿದ್ದದ್ದೇ ಸಾಕು, ಎಲ್ಲಿ ಹೋದರೂ ಯಾರಾದರೊಬ್ಬರು ಬಾಡಿದ ಎಲೆಯೊಂದನ್ನು ತಂದು ಇವರ ಮೂಗಿನ ಮುಂದೆ ಹಿಡಿಯುತ್ತಿದ್ದರು. ಇವರು ಎಲೆಯನ್ನು ಬೆಳಕಿಗೆ ಹಿಡಿದು, ಮಗುಚಿ, ಮೂಸಿ, "ನೀರು ಜಾಸ್ತಿ ಮಾಡಿ" ಎನ್ನುತ್ತಿದ್ದರು. ಗಿಡ ಸುಧಾರಿಸದಿದ್ದರೆ ಮುಂದಿನ ಸಲ "ನೀರು ಕಡಿಮೆ ಮಾಡಿ" ಎನ್ನುತ್ತಿದ್ದರು. ನಿಜ ಹೇಳಬೇಕೆಂದರೆ ಈ ಎರಡು ಮಾತಿನಲ್ಲೇ ಮುಕ್ಕಾಲು ಪಾಲು ಗಿಡಗಳು ಚೇತರಿಸಿಕೊಂಡಿದ್ದವು. ಅಲ್ಲಿಗೇ ನಿಂತಿದ್ದರೆ ಇವತ್ತು ಈ ಕಥೆ ಹೇಳುವ ಪಾಡು ನನಗೆ ಬರುತ್ತಿರಲಿಲ್ಲ.

ನಿಲ್ಲಲು ಬಿಡದವರು ನನ್ನ ಅಕ್ಕನ ಗಂಡ, ನನ್ನ ಭಾವ. ಅವರದು ಬಣ್ಣದ ಅಂಗಡಿ. ಡಬ್ಬದ ಬಣ್ಣ ಮಾರಿ ಮಾರಿ ಅವರಿಗೆ ಜಗತ್ತಿನ ಎಲ್ಲ ವಿಷಯವೂ ಒಂದು ಕೋಟ್ ಹೊಡೆದರೆ ಮುಗಿಯುವಂಥದು ಎಂಬ ಧೈರ್ಯ ಬಂದಿದೆ. ಒಂದು ಭಾನುವಾರ ನಮ್ಮ ಮನೆಗೆ ಬಂದು, ಹಿತ್ತಲಿನ ಬೆಂಚಿನ ಮೇಲೆ ಕಾಲು ಚಾಚಿ ಕೂತು, ತಲೆಯೆತ್ತಿ ನೋಡಿದರು.

ಅಲ್ಲಿ ಅವರಿಗೆ ಕಂಡದ್ದು ನಮ್ಮ ಮಾವಿನ ಮರ. ನಾವಿರುವುದು ಸರ್ಕಾರಿ ವಸತಿಗೃಹಗಳ ಸಾಲಿನಲ್ಲಿ. ಪ್ರತಿ ಮನೆಯ ಹಿಂದೆಯೂ ಒಂದಿಷ್ಟು ಜಾಗ, ಯಾವ ಕಾಲದಲ್ಲೋ ಯಾರೋ ನೆಟ್ಟು ವರ್ಗವಾಗಿ ಹೋದ ಒಂದೊಂದು ಮರ. ನಮ್ಮ ಪಾಲಿಗೆ ಬಂದದ್ದು ಮಾವು. ಅದರ ಕೆಳಗೆ ನನ್ನ ಹೊಲಿಗೆ ಮಿಷಿನ್ ಇತ್ತು. ಮನೆಯೊಳಗೆ ಹೊಲಿಯುವ ಮಾತೇ ಇಲ್ಲ. ಎರಡು ಕೋಣೆ, ಅಂಗೈಯಗಲದ ಕಿಟಕಿ, ಸೂಜಿಗೆ ನೂಲು ಏರಿಸಬೇಕಾದರೆ ಹಗಲಲ್ಲೂ ದೀಪ ಹಾಕಬೇಕು. ಮರದ ಕೆಳಗೆ ಬೆಳಕೂ ಇತ್ತು, ತಂಪೂ ಇತ್ತು. ಶಾಲೆಯ ಯೂನಿಫಾರಂ, ಕಿಟಕಿ ಪರದೆ, ದಿಂಬಿನ ಕವರು ಎಂದು ಸಾಲಿನವರೆಲ್ಲ ನನ್ನ ಹತ್ತಿರವೇ ಬರುತ್ತಿದ್ದರು. ಅಳತೆ ಕೊಡಲು ಬಂದವರು ಬೆಂಚಿನ ಮೇಲೆ ಕೂತು ತಮ್ಮ ಮನೆಯ ಸುದ್ದಿಯನ್ನೂ ಕೊಟ್ಟು ಹೋಗುತ್ತಿದ್ದರು. ಮರ ಒಂದು ಕಾಯಿಯನ್ನೂ ಬಿಟ್ಟದ್ದಿಲ್ಲ, ನಾನು ಕೇಳಿದ್ದೂ ಇಲ್ಲ. ದಿನವಿಡೀ ನೆರಳು ಕೊಡುವ ಮರದಿಂದ ಹಣ್ಣನ್ನೂ ವಸೂಲು ಮಾಡುವುದು ಅತಿಯಾಸೆ ಎಂದುಕೊಂಡಿದ್ದೆ.

"ಅಲ್ರೀ," ಎಂದರು ಭಾವ, "ತೋಟಗಾರಿಕೆ ಇಲಾಖೆಯವರ ಮನೆ ಮರದಲ್ಲೇ ಒಂದು ಕಾಯಿ ಇಲ್ವಲ್ಲ. ನಾನು ನನ್ನ ಮನೆ ಗೋಡೆಗೆ ಬಣ್ಣ ಹೊಡೆಸ್ದೆ ಬಿಟ್ರೆ ಯಾರಾದ್ರೂ ನನ್ನ ಅಂಗಡಿಗೆ ಬರ್ತಾರಾ?"

ಲೋಟ ಹಿಡಿದಿದ್ದ ನಮ್ಮವರ ಕೈ ಅರ್ಧದಲ್ಲೇ ನಿಂತಿತು. "ಬಿಡುತ್ತೆ," ಎಂದರು. "ಮುಂದಿನ ಸಲ ಬರೋವಾಗ ಬುಟ್ಟಿ ತಗೊಂಡು ಬನ್ನಿ."

ನಾನು ಅವರ ಮುಖ ನೋಡಿದೆ. ಯಾಕೆ ಹಾಗೆ ಹೇಳಿದೆ ಎಂದು ಅವರಿಗೇ ಗೊತ್ತಿರಲಿಲ್ಲ. ಷಡ್ಡಕನ ಮುಂದೆ ಬಾಯಿಂದ ಬಂದುಬಿಟ್ಟ ಮಾತನ್ನು ಗಂಡಸರು ಜೀವ ಹೋದರೂ ವಾಪಸು ತೆಗೆದುಕೊಳ್ಳುವುದಿಲ್ಲ.

ಅದೇ ಹೊತ್ತಿಗೆ ಇಲಾಖೆಯಲ್ಲಿ ಒಂದು ಉಪನ್ಯಾಸ ಏರ್ಪಾಡಾಯಿತು. ವಿಶ್ವವಿದ್ಯಾಲಯದಿಂದ ವಿಜ್ಞಾನಿ ಮೇಡಂ ಒಬ್ಬರು ಬರುವವರಿದ್ದರು. ಕೇಳಲು ರೈತರು ಬರಲಿಲ್ಲ, ಅಧಿಕಾರಿಗಳಿಗೆ ಬಿಡುವಿರಲಿಲ್ಲ. ಕುರ್ಚಿ ಖಾಲಿ ಕಾಣಬಾರದೆಂದು ಟಪಾಲು ವಿಭಾಗದವರನ್ನೂ ಡ್ರೈವರುಗಳನ್ನೂ ಹಿಡಿದು ತಂದು ಕೂರಿಸಿದರು. ನಮ್ಮವರಿಗೆ ಮುಂದಿನ ಸಾಲೇ ಸಿಕ್ಕಿತು. ಸಂಜೆ ಮನೆಗೆ ಬಂದಾಗ ಕಂಕುಳಲ್ಲಿ ಊಟದ ಪೊಟ್ಟಣ, ಮುಖದಲ್ಲಿ ಹೊಸ ಜ್ಞಾನದ ಕಳೆ.

"ಎಲೆ ಅಂದ್ರೆ ಏನಂತ ತಿಳ್ಕೊಂಡಿದೀಯ? ಅಡುಗೆಮನೆ ಕಣೇ ಅದು. ಬಿಸಿಲು, ಗಾಳಿ, ನೀರು ಸೇರಿಸಿ ಸಕ್ಕರೆ ಮಾಡುತ್ತೆ."

"ಒಲೆ ಹಚ್ಚೋರು ಯಾರು?"

"ಸೂರ್ಯ."

"ಸದ್ಯ, ಒಂದು ಕಡೆಯಾದ್ರೂ ಗಂಡಸು ಅಡುಗೆಮನೆಗೆ ಬಂದ ಅನ್ನಿ."

ಅವರಿಗೆ ನಗು ಬರಲಿಲ್ಲ. ಜ್ಞಾನ ಬಂದವರಿಗೆ ಮೊದಲು ಹೋಗುವುದು ಅದೇ. "ಕೇಳಿಲ್ಲಿ. ಆ ಸಕ್ಕರೆ ತೊಗಟೆ ಒಳಗಿನ ದಾರೀಲಿ ಕೆಳಕ್ಕೆ ಇಳಿಯುತ್ತೆ, ಬೇರಿಗೆ ಹೋಗುತ್ತೆ. ನೀರು ಬೇರೆ ದಾರಿ, ಒಳಗಿನ ಕಟ್ಟಿಗೇಲಿ ಮೇಲಕ್ಕೆ ಏರುತ್ತೆ. ಈಗ ನಾವು ತೊಗಟೆನ ಉಂಗುರದ ಹಾಗೆ ಒಂದು ಸುತ್ತು ತೆಗೆದ್ಬಿಟ್ರೆ? ಸಕ್ಕರೆ ಕೆಳಗೆ ಹೋಗೋ ಹಾಗಿಲ್ಲ. ಎಲ್ಲಿ ಹೋಗ್ಬೇಕು? ಮೇಲೇ ಉಳೀಬೇಕು. ಹೂವಾಗ್ಬೇಕು, ಹಣ್ಣಾಗ್ಬೇಕು. ಮೇಡಂ ಚಿತ್ರ ಸಮೇತ ತೋರಿಸಿದ್ರು."

"ಮತ್ತೆ ಬೇರು ಏನು ತಿನ್ನುತ್ತೆ?"

ಅವರು ಊಟದ ಪೊಟ್ಟಣ ಬಿಚ್ಚತೊಡಗಿದರು. "ಅದು ಮಣ್ಣಲ್ಲೇ ಇರುತ್ತಲ್ಲ. ಏನಾದ್ರೂ ತಿನ್ನುತ್ತೆ."

ಉಪನ್ಯಾಸಕ್ಕೆ ಇನ್ನೂ ಒಂದು ಭಾಗವಿತ್ತು ಎಂಬುದು ನನಗೆ ಆಮೇಲೆ ತಿಳಿಯಿತು. ಆ ಭಾಗ ನಡೆಯುವಾಗ ನಮ್ಮವರು ಊಟದ ಪೊಟ್ಟಣದ ಸಾಲಿನಲ್ಲಿ ನಿಂತಿದ್ದರು. ಎರಡನೆಯವರಾಗಿ ನಿಂತಿದ್ದರು ಎಂಬುದನ್ನು ಆಗ ಬಲು ಹೆಮ್ಮೆಯಿಂದ ಹೇಳಿದ್ದರು.

ಮುಂದಿನ ರಜೆಯ ದಿನ ನನ್ನ ಅಳತೆ ಟೇಪು ಕಾಣೆಯಾಯಿತು. ಹಿಂದೆಯೇ ಬಟ್ಟೆಗೆ ಗುರುತು ಹಾಕುವ ಸೀಮೆಸುಣ್ಣವೂ ಕಾಣೆಯಾಯಿತು. ಹೊರಗೆ ಬಂದು ನೋಡಿದರೆ ನಮ್ಮವರು ಮರವನ್ನು ತಬ್ಬಿಕೊಂಡು ಅದರ ಸೊಂಟದ ಅಳತೆ ತೆಗೆಯುತ್ತಿದ್ದಾರೆ.

"ಮೊದಲು ಒಂದು ಕೊಂಬೆಗೆ ಮಾಡಿ ನೋಡ್ಬಾರ್ದಾ?" ಎಂದೆ. ಹೊಸ ಬಟ್ಟೆಗೆ ಕತ್ತರಿ ಹಾಕುವ ಮೊದಲು ಚೂರಿನ ಮೇಲೆ ಹೊಲಿಗೆ ಹಾಕಿ ನೋಡುವುದು ನಮ್ಮ ಕೆಲಸದ ಅಭ್ಯಾಸ.

"ಕೊಂಬೆಗೆ ಮಾಡಿದ್ರೆ ಕೊಂಬೆಗಷ್ಟೇ ಲಾಭ. ಒಂದೊಂದು ಊರಿನ ಆಫೀಸಿಗೆ ಒಂದೊಂದು ಕಾಗದ ಯಾಕೆ ಕಳಿಸ್ಬೇಕು? ಹೆಡ್ಡಾಫೀಸಲ್ಲೇ ತಡೆದ್ರೆ ಎಲ್ಲಾ ಕಡೆ ತಡೆದ ಹಾಗೆ." ಟಪಾಲಿನಲ್ಲಿ ತಲೆ ನರೆತವರ ತರ್ಕ. ಅಂಗೈಯಗಲದ ಪಟ್ಟಿಯನ್ನು ಸುತ್ತಲೂ ಕೊರೆದು ಸುಲಿದುಬಿಟ್ಟರು. ಒಳಗಿನ ಕಟ್ಟಿಗೆ ಬೆಳ್ಳಗೆ, ಒದ್ದೆಯಾಗಿ, ಬಟ್ಟೆ ಜಾರಿದವರ ಹಾಗೆ ಕಂಡಿತು. ನನಗೆ ನೋಡಲು ಸಂಕೋಚವಾಯಿತು.

ಈಗ ನಡೆದದ್ದನ್ನು ಇದ್ದ ಹಾಗೇ ಹೇಳಬೇಕು, ಇಲ್ಲದಿದ್ದರೆ ನಮ್ಮವರಿಗೆ ಅನ್ಯಾಯವಾದೀತು. ಆ ವರ್ಷ ಮರ ಹೂ ಬಿಟ್ಟಿತು. ಎಲೆ ಕಾಣದಷ್ಟು ಬಿಟ್ಟಿತು. ಹೂ ಉದುರಿ ಮಿಷಿನ್ನಿನ ಚಕ್ರಕ್ಕೆ ಸಿಕ್ಕಿಕೊಂಡು ನನಗೆ ದಿನವೂ ಅದನ್ನು ಗುಡಿಸುವುದೇ ಕೆಲಸವಾಯಿತು. ಆಮೇಲೆ ಕಾಯಿ. ಕೊಂಬೆ ಬಾಗಿ ಬೆಂಚಿಗೆ ತಾಗುವಷ್ಟು ಕಾಯಿ. ಭಾವ ಬುಟ್ಟಿ ತರಲಿಲ್ಲ, ಬಣ್ಣದ ಖಾಲಿ ಡ್ರಮ್ಮು ತಂದರು. ತುಂಬಿಸಿಕೊಂಡು ಹೋಗುವಾಗ, "ನಮ್ಮನೆ ಮರಕ್ಕೂ ಒಂದು ಸುತ್ತು ಹಾಕಿಕೊಡಿ" ಎಂದು ತಲೆ ತಗ್ಗಿಸಿ ಕೇಳಿದರು. ಅವತ್ತು ನಮ್ಮವರ ಕಾಲು ನೆಲಕ್ಕೆ ತಾಗಲಿಲ್ಲ.

ಸುದ್ದಿ ಸಾಲಿಗೆಲ್ಲ ಹರಡಿತು. ಎಡಗಡೆ ಮನೆಯ ಡ್ರಾಯಿಂಗ್ ಮೇಷ್ಟ್ರು ತಮ್ಮ ಸೀಬೆ ಮರಕ್ಕೆ ಪಟ್ಟಿ ಹಾಕಿಸಿಕೊಂಡರು. ಕೊರೆದ ಗೆರೆ ನೇರವಾಗಿಲ್ಲ ಎಂದು ತಾವೇ ಸ್ಕೇಲಿಟ್ಟು ತಿದ್ದಿದರು. ಬಲಗಡೆ ಮನೆಯ ನರ್ಸಮ್ಮ ತಮ್ಮ ಸಪೋಟಕ್ಕೆ ಆಪರೇಶನ್ ಎಂದು ಚಾಕುವನ್ನು ಬಿಸಿನೀರಲ್ಲಿ ಕುದಿಸಿ ಕೊಟ್ಟರು. ಕೊನೆ ಮನೆಯ ಕಂಡಕ್ಟರು ಮಾತ್ರ, "ನಂದು ನಿಂಬೆ. ಹಣ್ಣು ಬೇಕಾದಷ್ಟು ಬಿಡ್ತಾ ಇದೆ" ಎಂದರು. ಆದರೆ ಸಾಲಿನಲ್ಲಿ ಎಲ್ಲರ ಮರಕ್ಕೂ ಪಟ್ಟಿ ಇದ್ದು ತನ್ನದಕ್ಕೆ ಇಲ್ಲದಿರುವುದು ಅವರ ಹೆಂಡತಿಗೆ ಸರಿಕಾಣಲಿಲ್ಲ. ಅದಕ್ಕೂ ಹಾಕಿದರು. ನಮ್ಮವರಿಗೆ ಸೊಂಟಪಟ್ಟಿ ಡಾಕ್ಟರ್ ಎಂದು ಹೆಸರು ಬಿತ್ತು. ನನ್ನ ಟೇಪು ಅವರ ಕೊರಳಲ್ಲೇ ಉಳಿಯಿತು, ನಾನು ಹೊಸದೊಂದು ಕೊಂಡೆ.

ಇಲಾಖೆಯ ಸಾಹೇಬರ ಕಿವಿಗೆ ಇದು ಬಿದ್ದ ದಿನ ನಮ್ಮವರು ಮಧ್ಯಾಹ್ನವೇ ಮನೆಗೆ ಬಂದರು. ಮುಖದಲ್ಲಿ ರಕ್ತವಿಲ್ಲ. "ಸರ್ಕಾರಿ ಮರ ಕೊರೆದಿದೀನಿ ಅಂತ ಸಸ್ಪೆಂಡ್ ಮಾಡ್ತಾರೆ ಕಣೇ. ಮರ ನೋಡೋಕೆ ಅವರೇ ಬರ್ತಿದಾರೆ."

ಸಾಹೇಬರು ಜೀಪಿನಲ್ಲಿ ಬಂದರು. ಮರವನ್ನು ಒಂದು ಸುತ್ತು ಹಾಕಿದರು. ಹಣ್ಣು ತಿಂದರು. ಇನ್ನೊಂದು ತಿಂದರು. ಕೈ ಒರೆಸಿಕೊಂಡು ಕೇಳಿದರು, "ಇದನ್ನ ನಮ್ಮ ಮಾರ್ಗದರ್ಶನದಲ್ಲೇ ಮಾಡಿದ್ದಲ್ವಾ?"

ನಮ್ಮವರು ತಬ್ಬಿಬ್ಬಾದರು. ಆಮೇಲೆ ಅರ್ಥವಾಯಿತು. "ಹೌದು ಸರ್. ಪೂರ್ತಿ ನಿಮ್ಮದೇ."

ಅಂದಿನಿಂದ ಅದು ಇಲಾಖೆಯ ಯೋಜನೆಯಾಯಿತು. ಕಚೇರಿಯ ಅಂಗಳದ ಮರಗಳಿಗೆ ಪಟ್ಟಿ ಹಾಕಲು ಆದೇಶ ಹೊರಟಿತು, ಪಾರ್ಕಿನ ಮರಗಳಿಗೂ ಹೊರಟಿತು. ನಮ್ಮ ಮರ 'ಮಾದರಿ ಮರ'ವಾಯಿತು. ಮಾದರಿ ಎಂದಮೇಲೆ ಬೇಲಿ ಬೇಕಲ್ಲ. ಆಳುಗಳು ಬಂದು ಮರದ ಸುತ್ತ ಕಂಬ ನೆಟ್ಟು, ಆಳೆತ್ತರದ ತಂತಿಬಲೆ ಕಟ್ಟಿ, ಒಂದು ಬಾಗಿಲಿಟ್ಟು ಬೀಗ ಜಡಿದರು. 'ಇಲಾಖೆಯ ಸ್ವತ್ತು, ಒಳಗೆ ಪ್ರವೇಶವಿಲ್ಲ' ಎಂದು ಭಾವನ ಅಂಗಡಿಯ ಬಣ್ಣದಲ್ಲೇ ಬೋರ್ಡು ಬರೆಸಿದರು. ಬೇಲಿ ಕಟ್ಟುವ ಮೊದಲು ನನ್ನ ಮಿಷಿನ್ನನ್ನು ಎತ್ತಿ ಬಚ್ಚಲಿನ ಪಕ್ಕದ ಓಣಿಯಲ್ಲಿಟ್ಟರು.

"ನಾನೆಲ್ಲಿ ಹೊಲೀಲಿ?" ಎಂದೆ.

"ಸ್ವಲ್ಪ ದಿನ ಅಡ್ಜಸ್ಟ್ ಮಾಡ್ಕೋ. ಪ್ರಶಸ್ತಿ ಕೊಡ್ತಾರಂತೆ," ಎಂದರು.

ಓಣಿಯಲ್ಲಿ ಬಲ್ಬು ಹಾಕಿಕೊಂಡು ಹೊಲಿದೆ. ಕಪ್ಪು ಬಟ್ಟೆಗೆ ನೀಲಿ ನೂಲು ಹಾಕಿ ಬೈಸಿಕೊಂಡೆ. ಅಳತೆ ಕೊಡಲು ಬಂದವರಿಗೆ ಕೂರಲು ಜಾಗವಿಲ್ಲ, ಬಚ್ಚಲಿನ ವಾಸನೆ ಬೇರೆ. ಒಬ್ಬೊಬ್ಬರೇ ಬರುವುದು ನಿಲ್ಲಿಸಿದರು. ನನಗೆ ಸಿಟ್ಟು ಬರುತ್ತಿತ್ತು, ಆದರೂ ಬೇಲಿ ಇವತ್ತಿದ್ದು ನಾಳೆ ಹೋಗುತ್ತದೆ, ಮರವಂತೂ ಎಲ್ಲಿಗೂ ಹೋಗುವುದಿಲ್ಲ ಎಂದು ಸಮಾಧಾನ ಮಾಡಿಕೊಳ್ಳುತ್ತಿದ್ದೆ.

ಬೇಲಿಯ ಹೊರಗಿನಿಂದ ನೋಡುವಾಗ ಒಂದು ವಿಷಯ ಕಾಣತೊಡಗಿತು. ಮರದ ಕೆಳಗಿನ ನೆಲ ಮೊದಲಿನಷ್ಟು ಕಪ್ಪಗಿಲ್ಲ. ಅಲ್ಲಲ್ಲಿ ಬಿಸಿಲು ಬೀಳುತ್ತಿದೆ. ಹೊಸ ಎಲೆ ಬಂದರೂ ಸಣ್ಣದು, ಮಾಸಲು ಹಳದಿ. ಪಟ್ಟಿಯ ಮೇಲಂಚು ಊದಿಕೊಂಡಿದೆ, ಕೆಳಗಿನ ಕಾಂಡ ಸೊರಗಿದೆ. ಹೇಳಿದರೆ ನಮ್ಮವರು, "ಹಣ್ಣು ಕೊಟ್ಟು ಸುಸ್ತಾಗಿದೆ, ರೆಸ್ಟ್ ತಗೋತಿದೆ" ಎಂದರು.

ಪ್ರಶಸ್ತಿ ಸಮಾರಂಭಕ್ಕೆ ಮುಂಚೆ ವಿಜ್ಞಾನಿಗಳ ಕಡೆಯಿಂದ ಒಂದು ಒಳ್ಳೆಯ ಮಾತು ಬರೆಸಿಕೊಳ್ಳೋಣ ಎಂದು ಸಾಹೇಬರಿಗೆ ಅನಿಸಿತು. ಅದೇ ವಿಜ್ಞಾನಿ ಮೇಡಂಗೆ ಬೀಗದ ಕೈ ಕೊಟ್ಟು ಕಳಿಸಿದರು. ನಮ್ಮವರು ಕಚೇರಿಯಲ್ಲಿದ್ದರು, ಮನೆಯಲ್ಲಿ ನಾನೊಬ್ಬಳೇ. ಮೇಡಂ ಬೇಲಿಯೊಳಗೆ ಹೋದವರು ಪಟ್ಟಿಯ ಮುಂದೆ ಕುಕ್ಕರಗಾಲಲ್ಲಿ ಕೂತುಬಿಟ್ಟರು. ತುಂಬಾ ಹೊತ್ತು ಏಳಲಿಲ್ಲ.

"ಇದನ್ನ ಯಾರಮ್ಮ ಮಾಡಿದ್ದು?"

"ನಮ್ಮವರು. ನೀವೇ ಹೇಳಿಕೊಟ್ರಂತಲ್ಲ."

"ನಾನು ಹೇಳಿದ್ದು ಒಂದು ಕೊಂಬೆಗೆ. ಬೇಗ ಗಾಯ ಕೂಡಿಕೊಳ್ಳೋ ಹಾಗೆ ತೀರಾ ಸಣ್ಣ ಪಟ್ಟಿ. ಕಾಂಡಕ್ಕೆ ಯಾವತ್ತೂ ಮಾಡ್ಬೇಡಿ, ಮರ ಸತ್ತು ಹೋಗುತ್ತೆ ಅಂತ ಒತ್ತಿ ಒತ್ತಿ ಹೇಳಿದ್ದೆ."

"ಯಾವಾಗ ಹೇಳಿದ್ರಿ?"

"ಕೊನೇಲಿ."

"ಆಗ ಊಟ ಕೊಡ್ತಿದ್ರಂತೆ ಮೇಡಂ."

ಅವರು ನಗಲಿಲ್ಲ, ನಾನೂ ನಗಲಿಲ್ಲ. "ಬೇರಿಗೆ ಸ್ವಂತ ಅಡುಗೆ ಬರಲ್ಲಮ್ಮ," ಎಂದರು. "ಅದು ಬಿಸಿಲು ಕಾಣದ ಕಡೆ ಇರುತ್ತಲ್ಲ, ಎಲೆ ಕಳಿಸಿದ್ದನ್ನೇ ತಿನ್ಬೇಕು. ಆ ದಾರಿ ಕತ್ತರಿಸಿದ್ರು. ನೀರು ಏರೋ ದಾರಿ ಮಾತ್ರ ಹಾಗೇ ಇದೆ. ಹಾಗಾಗಿ ಬೇರು ಉಪವಾಸ ಇದ್ದುಕೊಂಡೇ ಮೇಲಕ್ಕೆ ನೀರು ಹೊರ್ತಾ ಇದೆ. ಕೂಡಿಟ್ಟಿದ್ದು ಮುಗಿಯೋವರೆಗೂ ಹೊರುತ್ತೆ."

"ಮತ್ತೆ ಅಷ್ಟೊಂದು ಹಣ್ಣು?"

"ಬೇರಿನ ಪಾಲು. ಅದನ್ನ ನೀವೆಲ್ಲ ತಿಂದಿರಿ."

ಮೇಡಂ ಪಟ್ಟಿಯ ಕೆಳಗೆ ಬೆರಳಾಡಿಸುತ್ತಾ, "ಇಲ್ಲಿಂದ ಚಿಗುರೇನಾದ್ರೂ ಬಂದಿತ್ತಾ? ಬಂದಿದ್ರೆ ಬೇರಿಗೆ ಸ್ವಲ್ಪ ಊಟ ಸಿಗ್ತಿತ್ತು" ಎಂದರು.

"ಬಂದಿತ್ತು. ಎರಡು ಮೂರು ಸಲ ಬಂತು. ಫೋಟೋದಲ್ಲಿ ಚೆನ್ನಾಗಿ ಕಾಣಲ್ಲ ಅಂತ ನಮ್ಮವರು ಚಿವುಟಿ ಹಾಕಿದ್ರು."

ಮೇಡಂ ಕನ್ನಡಕ ತೆಗೆದು ಒರೆಸಿಕೊಂಡರು. ಆಮೇಲೆ ಹೇಳಿದ ಮಾತಿಗೆ ನನಗೆ ಜೀವ ಬಂತು. ಇನ್ನೂ ಕಾಲ ಮಿಂಚಿಲ್ಲ, ಬೇರು ಬದುಕಿದೆ. ಇದೇ ಮರದ ಸಣ್ಣ ಕಡ್ಡಿಗಳನ್ನು ಕತ್ತರಿಸಿ, ಒಂದು ತುದಿಯನ್ನು ಗಾಯದ ಮೇಲಿನ ತೊಗಟೆಗೂ ಇನ್ನೊಂದು ತುದಿಯನ್ನು ಕೆಳಗಿನ ತೊಗಟೆಗೂ ಸೇರಿಸಿ ಕಟ್ಟಬೇಕು. ಸೇತುವೆ ಕಸಿ ಎನ್ನುತ್ತಾರಂತೆ. ಹಿಡಿದರೆ ಊಟ ಮತ್ತೆ ಕೆಳಗೆ ಇಳಿಯುತ್ತದೆ. "ಆದ್ರೆ ಈಗಲೇ ಆಗ್ಬೇಕು. ಭಾನುವಾರ ನಾನೇ ಬರ್ತೀನಿ. ಇದೊಂದಕ್ಕೆ ಮಾಡೋದನ್ನ ನೋಡಿದ್ರೆ ಉಳಿದವರೂ ಅವರವರ ಮರಕ್ಕೆ ಮಾಡ್ಕೋಬಹುದು," ಎಂದು ಹೇಳಿ, ಆಫೀಸಿಗೆ ಮುಟ್ಟಿಸಲು ಬೀಗದ ಕೈಯನ್ನು ನನಗೆ ಕೊಟ್ಟು ಹೋದರು.

ಸಂಜೆ ನಮ್ಮವರಿಗೆ ಬೀಗದ ಕೈ ಕೊಟ್ಟು ಎಲ್ಲವನ್ನೂ ಹೇಳಿದೆ. ಮೆಟ್ಟಿಲ ಮೇಲೆ ಕುಸಿದು ಕೂತರು. ಕೊರಳಲ್ಲಿದ್ದ ಟೇಪನ್ನು ತೆಗೆದು ಮಡಿಚಿ ಮಡಿಚಿ ಅಂಗೈಯಲ್ಲಿ ಸಣ್ಣ ಸುರುಳಿ ಮಾಡಿದರು. ಪಾಪ ಎನಿಸಿತು ನನಗೆ. ಗೊತ್ತಿಲ್ಲದೆ ಮಾಡಿದ್ದು, ಭಾನುವಾರ ಸರಿಹೋಗುತ್ತದೆ ಎಂದು ಬೆನ್ನು ಸವರಿದೆ.

"ಅದರ ಮುಂದಿನ ಭಾನುವಾರ ಸಮಾರಂಭ," ಎಂದರು ಅವರು. "ಎಲ್ಲರೂ ಮರ ನೋಡೋಕೆ ಬರ್ತಾರೆ. ಮರಕ್ಕೆ ಬ್ಯಾಂಡೇಜು ಕಟ್ಟಿದ್ರೆ ಏನಂತಾರೆ?"

"ಮರಕ್ಕೆ ಗಾಯ ಆಗಿತ್ತು, ಕಟ್ಟಿದೀವಿ ಅಂತಾರೆ."

ಅವರು ಟೇಪಿನ ಸುರುಳಿಯನ್ನು ಬಿಚ್ಚಿ ಮತ್ತೆ ಕೊರಳಿಗೆ ಹಾಕಿಕೊಂಡರು.

ಭಾನುವಾರ ಮೇಡಂ ಹೇಳಿದ ಹೊತ್ತಿಗೆ ಬಂದರು. ಕೈಚೀಲದಲ್ಲಿ ಕಸಿ ಚಾಕು, ಕಟ್ಟಲು ಪ್ಲಾಸ್ಟಿಕ್ ಪಟ್ಟಿ, ಮೇಣ. ನಮ್ಮವರು ಗೇಟಿಗೆ ಅಡ್ಡ ನಿಂತು ನಯವಾಗಿ, "ಬೇಲಿ ಬೀಗದ ಕೈ ಆಫೀಸಲ್ಲಿದೆ ಮೇಡಂ. ಮಾದರಿ ಮರ, ಸಾಹೇಬರ ಅನುಮತಿ ಇಲ್ದೆ ಮುಟ್ಟೋ ಹಾಗಿಲ್ಲ. ಸಮಾರಂಭ ಮುಗೀಲಿ" ಎಂದರು. ಮಾತಾಡುವಾಗ ಒಂದು ಕೈ ಪ್ಯಾಂಟಿನ ಜೇಬಿನಲ್ಲಿತ್ತು. ಆ ಪ್ಯಾಂಟು ಹೊಲಿದವಳು ನಾನು. ಆ ಜೇಬಿನೊಳಗೆ ಏನಿದ್ದರೆ ಹೇಗೆ ಉಬ್ಬುತ್ತದೆ ಎಂದು ನನಗೆ ಗೊತ್ತು.

"ಕೀ ಕೊಡ್ರೀ," ಎಂದೆ.

"ನೀನು ಒಳಗೆ ಹೋಗು."

ಮೇಡಂ ನನ್ನನ್ನೊಮ್ಮೆ, ಅವರನ್ನೊಮ್ಮೆ ನೋಡಿದರು. "ತಡ ಮಾಡ್ಬೇಡಿ," ಎಂದಷ್ಟೇ ಹೇಳಿ ಹೊರಟುಹೋದರು. ಸರ್ಕಾರಿ ಬೇಲಿಯನ್ನು ನಾನೇ ಕಿತ್ತುಹಾಕಬಹುದಿತ್ತು ಎಂದು ಈಗ ಯಾರಾದರೂ ಹೇಳಬಹುದು. ನಾನೂ ಇಕ್ಕಳ ಕೈಗೆ ತೆಗೆದುಕೊಂಡಿದ್ದೆ. "ನನ್ನ ಕೆಲಸ ಹೋಗುತ್ತೆ ಕಣೇ" ಎಂದು ಅವರು ಕೈ ಹಿಡಿದುಕೊಂಡರು. ಕೆಳಗಿಟ್ಟೆ.

ಸಮಾರಂಭ ಭರ್ಜರಿಯಾಗಿ ನಡೆಯಿತು. ಸಾಹೇಬರು ತಾವು ಈ ವಿಧಾನವನ್ನು ಕಂಡುಹಿಡಿದದ್ದು ಹೇಗೆ ಎಂದು ವಿವರಿಸಿದರು. ನಮ್ಮವರಿಗೆ ಗಾಜಿನ ಚೌಕಟ್ಟು ಹಾಕಿದ ಪ್ರಶಸ್ತಿ ಪತ್ರ ಬಂತು. ಭಾವ ಮುಂದಿನ ಸಾಲಿನಲ್ಲಿ ಕೂತು ಕೈ ನೋಯುವಷ್ಟು ಚಪ್ಪಾಳೆ ತಟ್ಟಿ, ಪಕ್ಕದವರಿಗೆಲ್ಲ "ನಮ್ಮ ಷಡ್ಡಕ, ನಾನೇ ಹುರಿದುಂಬಿಸಿದ್ದು" ಎಂದರು. ಮೇಡಂ ಬಂದಿರಲಿಲ್ಲ. ಅವರು ಬರೆದು ಕಳಿಸಿದ್ದು ಸಾಹೇಬರಿಗೆ ಅಷ್ಟು ಉತ್ಸಾಹದಾಯಕವಾಗಿ ಕಾಣಲಿಲ್ಲವಾಗಿ ಓದಲಿಲ್ಲ.

ಮಾರನೆಯ ದಿನ ನಾನು ಹಟ ಹಿಡಿದು ಅನುಮತಿಗೆ ಅರ್ಜಿ ಬರೆಸಿದೆ. ನಮ್ಮವರು ಅದನ್ನು ತಾವೇ ಟಪಾಲಿನಲ್ಲಿ ಸ್ವೀಕರಿಸಿ, ತಾವೇ ಮೊಹರು ಒತ್ತಿ, ತಾವೇ ಸಾಹೇಬರ ಮೇಜ ಮೇಲಿಟ್ಟರು. ಸಾಹೇಬರು ಅದರ ಅಂಚಿನಲ್ಲಿ ಹಸಿರು ಶಾಯಿಯಲ್ಲಿ 'ಚರ್ಚಿಸಿ' ಎಂದು ಬರೆದರು. ಯಾರೊಂದಿಗೆ ಎಂದು ಬರೆಯಲಿಲ್ಲ. ಕಾಗದ ಕೋಣೆಯಿಂದ ಕೋಣೆಗೆ ಹೋಯಿತು, ಬಂದಾಗಲೆಲ್ಲ ನಮ್ಮವರು ಮೊಹರು ಒತ್ತಿದರು. ಅಷ್ಟರಲ್ಲಿ ಎಲೆ ಉದುರುವುದು ಶುರುವಾಯಿತು.

ಬರಿ ಕೊಂಬೆ ಕಂಡಮೇಲೆ ನಮ್ಮವರ ಎದೆ ಒಡೆಯಿತು. ಊಟ ಬಿಟ್ಟರು. ಒಂದು ಸಂಜೆ ತಾವಾಗಿಯೇ ಎದ್ದು ಪಕ್ಕದ ಮೇಷ್ಟ್ರ ಮನೆಗೆ ಹೋದರು, ಹಿಂದೆ ನಾನೂ ಹೋದೆ.

"ಮೇಷ್ಟ್ರೇ, ಪಟ್ಟಿ ಹಾಕಿದ್ದು ತಪ್ಪಾಯ್ತು. ಮರ ಸಾಯುತ್ತೆ. ಇವತ್ತೇ ಕಡ್ಡಿ ಕಸಿ ಮಾಡಿದ್ರೆ ನಿಮ್ಮದಾದ್ರೂ ಉಳಿದೀತು."

ಮೇಷ್ಟ್ರು ಸೀಬೆ ಹಣ್ಣು ಕಚ್ಚುತ್ತಿದ್ದರು. "ಸಾಯೋ ಮರ ಇಷ್ಟು ಹಣ್ಣು ಬಿಡುತ್ತೇನ್ರೀ? ಪ್ರಶಸ್ತಿ ನಿಮಗೆ ಬಂದಾಯ್ತು, ಈಗ ನಮ್ಮ ಮರ ನಿಮ್ಮದಕ್ಕಿಂತ ಚೆನ್ನಾಗಿದೆ ಅಂತ ಹೊಟ್ಟೆಕಿಚ್ಚಾ?"

ನರ್ಸಮ್ಮ ಇನ್ನೂ ಮೃದುವಾಗಿ ಹೇಳಿದರು. "ನಿಮಗೆ ನಿದ್ದೆ ಸಾಲ್ತಿಲ್ಲ. ಬೆಳಿಗ್ಗೆ ಬನ್ನಿ, ಬಿಪಿ ನೋಡ್ತೀನಿ." ಕಂಡಕ್ಟರು ಮಾತ್ರ ಗಂಭೀರವಾಗಿ ಕೇಳಿಸಿಕೊಂಡರು. ಗುಟ್ಟೇನೋ ಇದೆ, ಎರಡನೇ ಬೆಳೆ ಬರದ ಹಾಗೆ ತಡೆಯುತ್ತಿದ್ದಾರೆ ಎಂದು ಅವರಿಗೆ ಹೊಳೆಯಿತು. ಮರುದಿನ ನೋಡಿದರೆ ನಿಂಬೆಯ ಪಟ್ಟಿಯನ್ನು ಅವರೇ ಇನ್ನೂ ಅಗಲ ಮಾಡಿದ್ದರು.

ಮರುವರ್ಷದ ಬೇಸಿಗೆ ಮುಗಿಯುವ ಹೊತ್ತಿಗೆ ನಮ್ಮ ಸಾಲಿನಲ್ಲಿ ಹಸಿರು ಎಂಬುದು ಉಳಿಯಲಿಲ್ಲ. ಮೊದಲು ನಮ್ಮ ಮಾವು, ಆಮೇಲೆ ಸೀಬೆ, ಸಪೋಟ, ನಿಂಬೆ. ಕಚೇರಿಯ ಅಂಗಳ, ಪಾರ್ಕು, ಭಾವನ ಮನೆ, ಎಲ್ಲ ಕಡೆಯೂ ಒಣಗಿದ ಕೊಂಬೆ. ಮೇಷ್ಟ್ರ ಮನೆಯ ಜಗಲಿಯಲ್ಲಿ ಸಾಲಿನವರೆಲ್ಲ ಸಭೆ ಸೇರಿದರು. ಇಷ್ಟು ಮರ ಯಾಕೆ ಸತ್ತವು ಎಂದು ತೀರ್ಮಾನವಾಗಬೇಕಿತ್ತು. ಮೇಷ್ಟ್ರು ಬಿಸಿಲು ಎಂದರು. ಕಂಡಕ್ಟರು ಹೊಸ ಮೊಬೈಲ್ ಟವರು ಎಂದರು. ಭಾವ ಬಂದಿದ್ದರು, ನೀರಿನಲ್ಲೇ ಏನೋ ಇದೆ ಎಂದರು.

ನಮ್ಮವರು ಎದ್ದು ನಿಂತರು. "ಬಿಸಿಲಲ್ಲ, ಟವರಲ್ಲ. ನಾನು ಕೊಂದೆ. ಪಟ್ಟಿ ಹಾಕಿದ್ದಕ್ಕೆ ಸತ್ತವು."

ಆ ಪಟ್ಟಿಯನ್ನು ಕೇಳಿ ಕೇಳಿ ಹಾಕಿಸಿಕೊಂಡವರೇ ಎಲ್ಲರೂ. ಮರದ ಪಕ್ಕ ನಿಂತು ಫೋಟೋ ತೆಗೆಸಿಕೊಂಡವರೇ ಎಲ್ಲರೂ. ಮೇಷ್ಟ್ರು ಎದ್ದು ಬಂದು ನಮ್ಮವರ ಹೆಗಲ ಮೇಲೆ ಕೈಯಿಟ್ಟರು. "ದೊಡ್ಡ ಮನಸ್ಸು ನಿಮ್ಮದು. ಎಲ್ಲಾ ತಪ್ಪೂ ತಲೆ ಮೇಲೆ ಹಾಕ್ಕೋತೀರಿ. ಇಂಥವರು ಈ ಕಾಲದಲ್ಲಿ ಎಲ್ಲಿದಾರೆ?" ನರ್ಸಮ್ಮ ಕಣ್ಣೊರೆಸಿಕೊಂಡರು. ಟವರಿನ ಮೇಲೆ ದೂರು ಕೊಡುವುದೆಂದು ಒಮ್ಮತದಿಂದ ನಿರ್ಧಾರವಾಯಿತು. ಅಷ್ಟರಲ್ಲಿ ಸಾಹೇಬರು ಬಡ್ತಿ ಪಡೆದು ಬೇರೆ ಊರಿಗೆ ಹೋಗಿದ್ದರು.

ಮನೆಗೆ ಬಂದು ನಮ್ಮವರು ಓಣಿಯಲ್ಲಿ ನನ್ನ ಮಿಷಿನ್ನಿನ ಪಕ್ಕ ನೆಲದ ಮೇಲೆ ಕೂತರು. ಅತ್ತರು. ಮದುವೆಯಾದಾಗಿನಿಂದ ಅವರು ಹಾಗೆ ಅತ್ತದ್ದನ್ನು ನಾನು ನೋಡಿರಲಿಲ್ಲ.

"ಒಬ್ಬರಾದ್ರೂ ಬೈಲಿಲ್ಲ ಕಣೇ. ನೀನಾದ್ರೂ ಹೇಳು. ನಾನೇ ಕೊಂದಿದ್ದು ಅಲ್ವಾ?"

"ಹೌದು, ನೀವೇ," ಎಂದೆ. "ಚಾಕು ಹಿಡಿದಾಗ ಗೊತ್ತಿರಲಿಲ್ಲ, ಅದನ್ನ ಬಿಟ್ಟಾಕಿ. ಮೇಡಂ ಬಾಗಿಲಲ್ಲಿ ನಿಂತಿದ್ದಾಗ ಗೊತ್ತಿತ್ತು. ಕೀ ಜೇಬಲ್ಲಿ ಹಿಡ್ಕೊಂಡು ಇಲ್ಲ ಅಂದ್ರಲ್ಲ, ಮರ ಸತ್ತಿದ್ದು ಆಗ. ನನಗೆ ಕೂತ್ಕೊಳ್ಳೋಕೆ ಇದ್ದ ಜಾಗ ಅದೊಂದೇ ಅನ್ನೋದೂ ನಿಮಗೆ ಗೊತ್ತಿತ್ತು. ನಂಗೆ ತುಂಬಾ ನೋವಾಗಿದೆ."

ಅವರು ತಲೆಯಾಡಿಸಿದರು. ಕಣ್ಣೀರು ಗಲ್ಲದಿಂದ ಇಳಿಯುತ್ತಿತ್ತು, ಆದರೆ ಮುಖದಲ್ಲಿ ಏನೋ ಹಗುರವಾದಂತೆ ಕಂಡಿತು. ನನ್ನ ಕೈ ಹಿಡಿದುಕೊಂಡು, "ಏನು ಬೇಕಾದ್ರೂ ಕೇಳು. ಏನು ಹೇಳಿದ್ರೂ ಮಾಡ್ತೀನಿ," ಎಂದರು. ಮನಸಾರೆ ಹೇಳಿದರು, ಅದರಲ್ಲಿ ನನಗೆ ಅನುಮಾನವಿಲ್ಲ.

"ಆ ಬೇಲಿ ತೆಗೆದ್ಹಾಕಿ. ಮೇಲೊಂದು ಬಟ್ಟೆ ಕಟ್ಟಿಕೊಂಡು ಅಲ್ಲೇ ಕೂತು ಹೊಲೀತೀನಿ. ಬೆಳಕಾದ್ರೂ ಇರುತ್ತೆ."

ಅವರು ಮೂಗು ಒರೆಸಿಕೊಂಡು ಬೇಲಿಯ ಕಡೆ ನೋಡಿದರು. "ಅದು ಇಲಾಖೆ ಸ್ವತ್ತು ಕಣೇ," ಎಂದರು. "ಹೊಸ ಸಾಹೇಬರನ್ನ ಒಂದು ಮಾತು ಕೇಳ್ಬೇಕು."

ಅದರ ಮುಂದಿನ ಸೋಮವಾರದಿಂದ ನಾನು ಸಿದ್ಧ ಉಡುಪಿನ ಕಾರ್ಖಾನೆಗೆ ಹೋಗುತ್ತಿದ್ದೇನೆ. ಅಲ್ಲಿ ಸಾಲು ಸಾಲು ಮಿಷಿನ್, ತಲೆಯ ಮೇಲೆ ಟ್ಯೂಬ್‌ಲೈಟು, ಕಿಟಕಿಗಳಿಗೆಲ್ಲ ಬಣ್ಣ ಬಳಿದಿದ್ದಾರೆ. ನನಗೆ ಕೊಟ್ಟಿರುವುದು ಅಂಗಿಯ ಎಡತೋಳು, ಬೆಳಗಿನಿಂದ ಸಂಜೆಯವರೆಗೆ ಎಡತೋಳು. ಅಂಗಿ ಪೂರ್ತಿಯಾದದ್ದನ್ನು ನಾನು ಇನ್ನೂ ನೋಡಿಲ್ಲ. ಬೇಲಿ ತೆಗೆಯಲು ಕೊಟ್ಟ ಅರ್ಜಿ ಹೊಸ ಸಾಹೇಬರ ಮೇಜಿನ ಮೇಲಿದೆಯಂತೆ.